ಕಾಕಾರ ಐರನ್ ಸೆಟ್: ಬಿಗಿ ಶಾಫ್ಟ್ ಮೆತ್ತಗೆ ಮಾಡಿದ ಲೆಕ್ಕ

ಕಾಕಾರ 7ನೇ ಐರನ್, ಅಂದರೆ ಕಬ್ಬಿಣದ ತಲೆಯ ಗಾಲ್ಫ್ ಕೋಲು, ಈಗ ಹದವಾಗಿ ಬಳುಕುತ್ತದೆ. 6, 8, 9 ಕೂಡ ಸರಿಹೋಗಿವೆ. 5ನೆಯದರ ತಲೆ ಮಾತ್ರ ಶಾಫ್ಟ್, ಅಂದರೆ ಕೋಲಿನ ಉದ್ದನೆಯ ಕೊಳವೆ, ಇಲ್ಲದೆ ನನ್ನ ಟೂಲ್ ಬಾಕ್ಸಿನಲ್ಲಿ ಕೂತಿದೆ. ಮೊದಲ ವಾರದಲ್ಲೇ ನಾನು ಮಾಡಿದ ಒಂದು ತಪ್ಪು ಅದಕ್ಕೆ ಕಾರಣ. ಈ ಕೆಲಸಕ್ಕೆ ಕೈ ಹಾಕುವವರು ಅದೇ ತಪ್ಪು ಮಾಡಬಾರದು ಅಂತ ತಾರೀಕಿನ ಪ್ರಕಾರ ಎಲ್ಲವನ್ನೂ ಬರೆದಿಡುತ್ತಿದ್ದೇನೆ.

ನಾನು ಬೆಳಗಾವಿಯ ಉದ್ಯಮಬಾಗದಲ್ಲಿ ಟರ್ನರ್. ಲೇಥ್ ಕೆಲಸ ಹದಿನಾರು ವರ್ಷದಿಂದ ಗೊತ್ತು, ಗಾಲ್ಫ್ ಗೊತ್ತಿಲ್ಲ. ಗಾಲ್ಫ್ ಗೊತ್ತಿರುವುದು ನಮ್ಮ ಕಾಕಾರಿಗೆ. ಇಲ್ಲಿನ ಗಾಲ್ಫ್ ಮೈದಾನದಲ್ಲಿ ವರ್ಷಗಟ್ಟಲೆ ಕ್ಯಾಡಿ, ಅಂದರೆ ಆಟಗಾರರ ಕೋಲಿನ ಚೀಲ ಹೊರುವವರು, ಆಗಿದ್ದವರು. 2022ರ ಆಗಸ್ಟ್‌ನಲ್ಲಿ ಚಿರತೆ ಹೊಕ್ಕು, ಸುತ್ತಲಿನ ಶಾಲೆಗಳಿಗೆ ರಜೆ ಕೊಟ್ಟು, ಸಕ್ರೆಬೈಲಿನಿಂದ ಆನೆ ತರಿಸಿ ಹುಡುಕಿದರಲ್ಲ, ಅದೇ ಮೈದಾನ. ಅಲ್ಲಿ ಆಡುತ್ತಿದ್ದ ಒಬ್ಬ ನಿವೃತ್ತ ಅಧಿಕಾರಿ ಊರು ಬಿಡುವಾಗ ತಮ್ಮ ಹಳೆಯ ಐರನ್ ಸೆಟ್ ಕಾಕಾರಿಗೆ ಕೊಟ್ಟು ಹೋದರು. 3ರಿಂದ 9, ಜೊತೆಗೆ ಹತ್ತಿರದ ಹೊಡೆತಕ್ಕೆ ಬಳಸುವ ಒಂದು ಪಿಚಿಂಗ್ ವೆಜ್. ಒಟ್ಟು ಎಂಟು. ಶಾಫ್ಟ್ ಮೇಲೆ ಟ್ರೂ ಟೆಂಪರ್ ಡೈನಾಮಿಕ್ ಗೋಲ್ಡ್, ಎಸ್ 300 ಅಂತ ಪಟ್ಟಿ ಇದೆ. ಎಸ್ ಅಂದರೆ ಸ್ಟಿಫ್. ಜೋರಾಗಿ ಬೀಸುವವರಿಗೆ ಆಗುವ, ಭಾರದ ಉಕ್ಕಿನ ಶಾಫ್ಟ್.

ಕಾಕಾರಿಗೆ ಈಗ 66. ಬಲ ಭುಜ ಹಿಡಿದುಕೊಂಡಿದೆ. "ತಮ್ಮಾ, ಈ ಸ್ಟಿಕ್ ಹಾರಿ ಇದ್ದಂಗ ಆಗ್ಯಾವ. ಚೆಂಡಿಗಿ ಹೊಡದ್ರ ಮೊಣಕೈಗಿ ಬಡಿತದ" ಅಂದರು. ಅವರು ನನ್ನಿಂದ ಏನನ್ನೂ ಕೇಳುವವರಲ್ಲ. ಹಾಗಾಗಿ ಆ ಮಾತು ಮನಸ್ಸಿನಲ್ಲಿ ಉಳಿಯಿತು. ಹೊಸ ಶಾಫ್ಟಿಗೆ ವಿಚಾರಿಸಿದೆ. ಒಂದಕ್ಕೆ 3,200 ರೂಪಾಯಿ ಹೇಳಿದರು. ಎಂಟಕ್ಕೆ ಅಷ್ಟು ಹಣ ಹಾಕುವ ಹಾಗಿರಲಿಲ್ಲ. ಇರುವುದನ್ನೇ ಮೆತ್ತಗೆ ಮಾಡೋಣ ಅಂತ ಶುರು ಮಾಡಿದೆ.

ಫೆಬ್ರುವರಿ 8: ಅಳತೆ

ಕೈಯಲ್ಲಿ ಬಗ್ಗಿಸಿ ನೋಡಿದರೆ ಬಿಗಿ ಎಷ್ಟು ಅಂತ ಗೊತ್ತಾಗುವುದಿಲ್ಲ. ಶಾಫ್ಟಿನ ಹಿಡಿಯ ಕಡೆಯ 5 ಇಂಚನ್ನು, ಅಂದರೆ 127 ಮಿ.ಮೀ., ವೈಸಿನಲ್ಲಿ ಕಚ್ಚಿಸಿ, ತಲೆಯನ್ನು ಎಳೆದು ಬಿಟ್ಟು, ನಿಮಿಷಕ್ಕೆ ಎಷ್ಟು ಸಲ ಅಲ್ಲಾಡುತ್ತದೆ ಅಂತ ಎಣಿಸಬೇಕು. ಬಿಗಿ ಇದ್ದಷ್ಟು ಎಣಿಕೆ ಜಾಸ್ತಿ. ಒಂದೇ ಉದ್ದದ ರೆಗ್ಯುಲರ್, ಅಂದರೆ ಸಾಧಾರಣ ಬಿಗಿಯ, ಶಾಫ್ಟಿಗೂ ಸ್ಟಿಫ್ ಶಾಫ್ಟಿಗೂ ಸುಮಾರು 10ರ ವ್ಯತ್ಯಾಸ ಬರುತ್ತದೆ. ಇದನ್ನು ಅಳೆಯುವ ಯಂತ್ರ ಸಿಗುತ್ತದೆ, ನನ್ನ ಹತ್ತಿರ ಇಲ್ಲ. ಮೊಬೈಲಿನ ಸ್ಲೋ ಮೋಷನ್ ಸಾಕಾಯಿತು. ಸೆಕೆಂಡಿಗೆ 240 ಫ್ರೇಮ್. ಪೂರ್ತಿ 20 ಸಲ ಅಲ್ಲಾಡಲು ಎಷ್ಟು ಫ್ರೇಮ್ ಹಿಡಿಯಿತು ಅಂತ ಎಣಿಸಿ, 2,88,000ವನ್ನು ಆ ಸಂಖ್ಯೆಯಿಂದ ಭಾಗಿಸಿದರೆ ನಿಮಿಷದ ಲೆಕ್ಕ ಸಿಗುತ್ತದೆ. 7ನೇ ಐರನ್‌ಗೆ 906 ಫ್ರೇಮ್ ಬಂತು. ಅಂದರೆ 318. ಎರಡು ಮೂರು ಫ್ರೇಮ್ ತಪ್ಪು ಎಣಿಸಿದರೂ ಒಂದರಷ್ಟೇ ಹೆಚ್ಚುಕಮ್ಮಿ ಆಗುತ್ತದೆ.

ಈ 318 ಸುಲಭಕ್ಕೆ ಬರಲಿಲ್ಲ. ಮೊದಲು ರಬ್ಬರ್ ಗ್ರಿಪ್ ಸಮೇತ ವೈಸಿಗೆ ಕಚ್ಚಿಸಿದ್ದೆ. ಒಂದು ಸಲ 301, ಇನ್ನೊಂದು ಸಲ 309. ವೈಸ್ ಇನ್ನೂ ಬಿಗಿ ಮಾಡಿದೆ, ಸಂಖ್ಯೆ ಮತ್ತೆ ಬದಲಾಯಿತು. ರಬ್ಬರ್ ಒಳಗೆ ಶಾಫ್ಟ್ ಆಡುತ್ತಿತ್ತು. ಕೊನೆಗೆ ಎಂಟರ ಗ್ರಿಪ್ಪನ್ನೂ ಬ್ಲೇಡಿನಿಂದ ಸೀಳಿ ತೆಗೆದೆ, ಹೇಗಿದ್ದರೂ ಗಟ್ಟಿಯಾಗಿ ಬಿರುಕು ಬಿಟ್ಟಿದ್ದವು. ಅಲ್ಯೂಮಿನಿಯಂ ರಾಡಿನ ತುಂಡಿಗೆ 15.2 ಮಿ.ಮೀ. ತೂತು ಬೋರ್ ಮಾಡಿ, ಉದ್ದಕ್ಕೆ ಎರಡು ಹೋಳು ಮಾಡಿ, ಅದರ ನಡುವೆ ಶಾಫ್ಟ್ ಇಟ್ಟು ಕಚ್ಚಿಸಿದೆ. ಆಮೇಲೆ ಅದೇ ಕ್ಲಬ್ಬಿಗೆ, ಅಂದರೆ ಕೋಲಿಗೆ, ಐದು ಸಲ ಅಳೆದರೂ ಒಂದೇ ಉತ್ತರ. ಈ ಹೋಳು ಮಾಡಲು ಅರ್ಧ ಗಂಟೆ ಹಿಡಿಯಿತು. ಇದಿಲ್ಲದೆ ಮುಂದಿನ ಯಾವ ಅಳತೆಯನ್ನೂ ನಂಬುವ ಹಾಗಿರಲಿಲ್ಲ.

ಎಂಟೂ ಅಳೆದೆ: 3ಕ್ಕೆ 301, 4ಕ್ಕೆ 305, 5ಕ್ಕೆ 310, 6ಕ್ಕೆ 314, 7ಕ್ಕೆ 318, 8ಕ್ಕೆ 326, 9ಕ್ಕೆ 327, ವೆಜ್‌ಗೆ 331. ಒಂದೊಂದು ಕ್ಲಬ್ಬಿಗೂ ಉದ್ದ ಅರ್ಧ ಇಂಚು ಕಡಿಮೆ ಆಗುತ್ತಾ ಹೋಗುತ್ತದೆ, ಎಣಿಕೆ ನಾಲ್ಕು ನಾಲ್ಕೂವರೆ ಏರುತ್ತಾ ಹೋಗುತ್ತದೆ. 8 ಮಾತ್ರ ಸಾಲು ಬಿಟ್ಟಿತ್ತು, 322 ಇರಬೇಕಾದದ್ದು 326. ಬೆಳಕಿಗೆ ಹಿಡಿದು ನೋಡಿದರೆ ಅದರ ಶಾಫ್ಟಿನ ಮೆಟ್ಟಿಲುಗಳು, ಅಂದರೆ ಕೊಳವೆ ಹಂತಹಂತವಾಗಿ ಸಣ್ಣದಾಗುವ ಗೆರೆಗಳು, ಉಳಿದವುಗಳ ಜೊತೆ ಹೊಂದುತ್ತಿರಲಿಲ್ಲ. ಯಾರೋ ಹಿಂದೆ ಬೇರೆ ಶಾಫ್ಟ್ ಹಾಕಿದ್ದರು. ಕಾಕಾರಿಗೆ ಹೇಳಿದೆ. "ಎಂಟ್ ನಂಬರಾ? ಅದು ಮೊದಲಿಂದನೂ ನನ್ನ ಮಾತು ಕೇಳಂಗಿಲ್ಲ" ಅಂದರು. ನಾಲ್ಕರ ವ್ಯತ್ಯಾಸ ಅವರ ಕೈಗೆ ಗೊತ್ತಾಗುತ್ತಿತ್ತು. ಅಲ್ಲಿಂದ ನಾನು ಈ ಕೆಲಸವನ್ನು ಇನ್ನೂ ಗಮನ ಕೊಟ್ಟು ಮಾಡಿದೆ.

ಫೆಬ್ರುವರಿ 12ರಿಂದ 22: ಕೆಟ್ಟುಹೋದ ಪ್ರಯತ್ನ

ನನ್ನ ಮೊದಲ ಯೋಚನೆ ಲೇಥಿನವನ ಯೋಚನೆ. ದಪ್ಪ ಕಡಿಮೆ ಮಾಡಿದರೆ ಬಳುಕು ಬರುತ್ತದೆ. ಹಿಂದೆ ಹಿಕರಿ ಮರದ ಶಾಫ್ಟ್ ಇದ್ದಾಗ ಕೆರೆದು ಕೆರೆದೇ ಹದಕ್ಕೆ ತರುತ್ತಿದ್ದರು. ಉಕ್ಕಿನ ಶಾಫ್ಟಿಗೆ ಅಮೆರಿಕದಲ್ಲಿ 1924ರಲ್ಲಿ, ಬ್ರಿಟನ್ನಿನಲ್ಲಿ 1929ರಲ್ಲಿ ಒಪ್ಪಿಗೆ ಸಿಕ್ಕಿತು. ಮರಕ್ಕೆ ಮಾಡುತ್ತಿದ್ದದ್ದನ್ನು ಉಕ್ಕಿಗೆ ಯಾಕೆ ಮಾಡಬಾರದು ಅಂದುಕೊಂಡೆ. ಮರ ಒಳಗೂ ಗಟ್ಟಿ, ಇದು ಟೊಳ್ಳು ಕೊಳವೆ ಅನ್ನುವುದು ತಲೆಗೆ ಹೋಗಲಿಲ್ಲ.

ಪ್ರಯೋಗಕ್ಕೆ 3ನೇ ಐರನ್ ತೆಗೆದುಕೊಂಡೆ. ಕಾಕಾ ಅದನ್ನು ಬಳಸುವುದೇ ಇಲ್ಲ, ಹಾಳಾದರೂ ನಷ್ಟವಿಲ್ಲ ಅಂತ. ಇದೇ ಆ ತಪ್ಪು. ಯಾಕೆ ಅಂತ ಮುಂದೆ ಬರುತ್ತದೆ.

ತಲೆ ಬಿಡಿಸಲು ವರ್ಕ್‌ಶಾಪಿನ ಗ್ಯಾಸ್ ಟಾರ್ಚ್ ಹಿಡಿದೆ. ತಲೆಯ ಕುತ್ತಿಗೆಯಲ್ಲಿರುವ ಅಂಟು ಬಿಸಿಗೆ ಮೆತ್ತಗಾದರೆ ತಲೆ ತಿರುಗಿ ಬರುತ್ತದೆ. ಬಂತು. ಆದರೆ ಕುತ್ತಿಗೆ ನೀಲಿ ಬಣ್ಣಕ್ಕೆ ತಿರುಗಿತು, ಮೇಲಿನ ಕಪ್ಪು ಪ್ಲಾಸ್ಟಿಕ್ ಉಂಗುರ, ಫೆರೂಲ್ ಅನ್ನುತ್ತಾರೆ, ಕರಗಿ ಹರಿಯಿತು. ಆ ಬೆಂಕಿ ಈ ಕೆಲಸಕ್ಕೆ ಜಾಸ್ತಿ.

ಶಾಫ್ಟಿನ ದಪ್ಪ ತುದಿಯನ್ನು ಲೇಥಿನ ತಿರುಗುವ ಚಕ್ಕಿನಲ್ಲಿ, ಸಣ್ಣ ತುದಿಯನ್ನು ಎದುರಿನ ಆಸರೆ ಟೇಲ್‌ಸ್ಟಾಕಿನಲ್ಲಿ ಹಿಡಿಸಿದೆ. ನಿಧಾನ ವೇಗ. 120ರ ಎಮರಿ ಪಟ್ಟಿ ಸುತ್ತಿ ಹಿಡಿದು, ನಡುವಿನ ಹದಿನೈದು ಇಂಚು ತೇಯ್ದೆ. ಕ್ರೋಮ್ ಹೋಯಿತು, ಅದರ ಕೆಳಗಿನ ಹಳದಿ ಛಾಯೆಯ ನಿಕ್ಕೆಲ್ ಹೋಯಿತು, ಉಕ್ಕು ಬಂತು. ಮೈಕ್ರೊಮೀಟರಿನಲ್ಲಿ ವ್ಯಾಸ 0.05 ಮಿ.ಮೀ. ಕಡಿಮೆ ಆದಾಗ ನಿಲ್ಲಿಸಿದೆ. ತಲೆ ಮತ್ತೆ ಅಂಟಿಸಿ ಅಳೆದರೆ 294. ಏಳು ಇಳಿದಿತ್ತು. ಅವತ್ತು ರಾತ್ರಿ ಕಾಕಾರಿಗೆ ಫೋನ್ ಮಾಡಿ ಕೆಲಸ ಆಯಿತು ಅಂತಲೇ ಹೇಳಿಬಿಟ್ಟೆ.

ಮರುದಿನ ಶಾಫ್ಟನ್ನು ವೈಸಿನಲ್ಲಿ ಕಾಲು ಸುತ್ತು ತಿರುಗಿಸಿ ಮತ್ತೆ ಅಳೆದೆ. 286! ಒಂದೇ ಶಾಫ್ಟು, ಒಂದು ದಿಕ್ಕಿಗೆ 294, ಇನ್ನೊಂದು ದಿಕ್ಕಿಗೆ 286. ಕಾರಣ ಲೇಥಿನಲ್ಲೇ ಇತ್ತು. ಮೂರಡಿ ಉದ್ದದ ತೆಳ್ಳನೆಯ ಕೊಳವೆ ತಿರುಗುವಾಗ ನಡುವೆ ಸ್ವಲ್ಪ ಉಬ್ಬುತ್ತದೆ. ಉಬ್ಬಿದ ಕಡೆ ಎಮರಿಗೆ ಜಾಸ್ತಿ ತಾಗುತ್ತದೆ. ಒಂದು ಮಗ್ಗುಲು ತೆಳುವಾಯಿತು. ಶಾಫ್ಟ್ ಯಾವ ದಿಕ್ಕಿಗೆ ತಿರುಗಿಸಿದರೂ ಒಂದೇ ರೀತಿ ಬಾಗಬೇಕು ಅನ್ನುವುದು ಗಾಲ್ಫಿನ ನಿಯಮದಲ್ಲೇ ಇದೆ. ಅದನ್ನು ಆಮೇಲೆ ಓದಿದೆ.

ಆದರೂ ಫೆಬ್ರುವರಿ 22ಕ್ಕೆ ಹಿಂಡಲಗಾ ಕಡೆಯ ಗೆಳೆಯರ ಗದ್ದೆಗೆ ಒಯ್ದೆ. ಭತ್ತ ಕೊಯ್ದ ಮೇಲೆ ಖಾಲಿ ಇತ್ತು. ಕಾಕಾರ ಕೈಗೆ ಕೊಡಲಿಲ್ಲ, ನಾನೇ ಹೊಡೆದೆ. ಹನ್ನೊಂದನೇ ಚೆಂಡಿಗೆ ಶಾಫ್ಟ್ ಒಂದು ಮೆಟ್ಟಿಲಿನ ಅಂಚಿನಲ್ಲಿ ಮಡಚಿಕೊಂಡಿತು. ಮಡಚಿದ ಜಾಗ ಕೊಯ್ದು ನೋಡಿದೆ. ಕೊಳವೆಯ ಗೋಡೆಯೇ ಅರ್ಧ ಮಿ.ಮೀ.ಗಿಂತ ಕಡಿಮೆ. ಅದರಲ್ಲಿ ನಾನು ತೇಯಲು ಹೋಗಿದ್ದೆ. ಅವತ್ತು ಕಾಕಾರ ಕೈಯಲ್ಲಿ ಅದು ಇದ್ದಿದ್ದರೆ ಅಂತ ಈಗಲೂ ಅನಿಸುತ್ತದೆ. ಉಕ್ಕಿನ ಶಾಫ್ಟನ್ನು ತೇಯಬೇಡಿ. ಎಷ್ಟೇ ಒಳ್ಳೆ ಲೇಥ್ ಇರಲಿ, ಬೇಡ.

ಮಾರ್ಚ್ 1: ಕಾಕಾ ಹೇಳಿದ ದಾರಿ

ಮುರಿದ ಶಾಫ್ಟ್ ತೋರಿಸಲು ಹೋದೆ. ಕಾಕಾ ಅದನ್ನು ತಿರುಗಿಸಿ ನೋಡಿ, ಸ್ವಲ್ಪ ಹೊತ್ತು ಸುಮ್ನೆ ಕೂತರು. ಆಮೇಲೆ ಹೇಳಿದರು: "ಮೊದಲ ಸಾಹೇಬರ ಸ್ಟಿಕ್ ರಿಪೇರಿ ಮಾಡಾವ ಒಬ್ಬ ಮಿಸ್ತ್ರಿ ಇದ್ದ. ವಯಸ್ಸಾದ ಸಾಹೇಬರಿಗೆ ಐದರ ಕೋಲು ತಗದು ಆರಕ್ಕ ಹಾಕತಿದ್ದ. ಮ್ಯಾಲಿಂದ ತುಸು ಕೊಯ್ದು."

"ಕಾಕಾ, ಇದನ್ನ ಮೊದಲೇ ಯಾಕೆ ಹೇಳಲಿಲ್ಲ ನೀವು?"

"ನೀ ಎಲ್ಲಿ ಕೇಳಿದಿ?"

ಕೇಳಿರಲಿಲ್ಲ, ನಿಜ. ಅಷ್ಟು ವರ್ಷ ಆ ಮೈದಾನದಲ್ಲಿ ಕಳೆದವರನ್ನು ಕೇಳದೆ ನೇರ ಲೇಥಿಗೆ ಹೋಗಿದ್ದೆ.

ಅವರು ಹೇಳಿದ್ದು ಸರಳ. ಉದ್ದ ಐರನ್‌ಗಳ ಶಾಫ್ಟ್ ಅದರಷ್ಟಕ್ಕೆ ಮೆತ್ತಗೆ ಇರುತ್ತದೆ. ಅದನ್ನು ಚಿಕ್ಕ ಐರನ್‌ನ ತಲೆಗೆ ಹಾಕಿ, ಹಿಡಿಯ ಕಡೆಯಿಂದ ಕೊಯ್ದು ಉದ್ದ ಸರಿ ಮಾಡಬೇಕು. ಹಿಡಿಯ ಕಡೆ ಕೊಯ್ದರೆ ಬಿಗಿ ಅಷ್ಟಾಗಿ ಏರುವುದಿಲ್ಲ, ತಲೆಯ ಕಡೆ ಕೊಯ್ದರೆ ಏರುತ್ತದೆ. ನಮ್ಮ ಶಾಫ್ಟಿನ ತುದಿ ಚೂಪಾಗುತ್ತಾ ಹೋಗುವ ಜಾತಿಯದು, ತುದಿಯಲ್ಲಿ ಸುಮಾರು 9 ಮಿ.ಮೀ., ಇಂಚಿನಲ್ಲಿ 0.355. ಎಂಟಕ್ಕೂ ಅದೇ ಅಳತೆ. ಹಾಗಾಗಿ ಯಾವ ಶಾಫ್ಟ್ ಬೇಕಾದರೂ ಯಾವ ತಲೆಗೂ ಕೂರುತ್ತದೆ. ಹೊಸದೇನೂ ಕೊಳ್ಳಬೇಕಿಲ್ಲ!

ಒಂದು ಸ್ಥಾನ ಸರಿಸಿದರೆ, ಅಂದರೆ 6ರ ಶಾಫ್ಟ್ 7ಕ್ಕೆ ಹಾಕಿದರೆ, ಎಣಿಕೆ ಮೂರೂವರೆ ಇಳಿಯುತ್ತದೆ, ಎರಡು ಸ್ಥಾನ ಸರಿಸಿದರೆ ಏಳು. ಕೊಯ್ಯುವ ಮೊದಲೇ ಇದನ್ನು ನೋಡಿಕೊಂಡೆ. 7ರ ತಲೆಯನ್ನು 5ರ ಶಾಫ್ಟಿಗೆ ಬಿಸಿ ಅಂಟಿನ ಗನ್ನಿನಿಂದ ತಾತ್ಕಾಲಿಕವಾಗಿ ಕೂರಿಸಿ, ಒಂದು ಇಂಚು ಕೊಯ್ಯುವ ಬದಲು ವೈಸಿನಲ್ಲಿ 5 ಇಂಚಿನ ಬದಲಿಗೆ 6 ಇಂಚು ಕಚ್ಚಿಸಿದೆ. ಕೊಯ್ದ ಹಾಗೇ ಲೆಕ್ಕ. 311 ಬಂತು. ಈ ಉಪಾಯ ನೆನಪಿಡಿ, ಒಂದು ಕೂದಲೂ ಕೊಯ್ಯದೆ ಉತ್ತರ ಸಿಗುತ್ತದೆ. ಹಾಗೆ ಕೂರಿಸಿದ ತಲೆಯಿಂದ ಚೆಂಡು ಮಾತ್ರ ಹೊಡೆಯಬಾರದು, ಹಾರಿ ಹೋಗುತ್ತದೆ.

ಆಗ ಕಾಗದದ ಮೇಲೆ ಬರೆದೆ. 3ರ ಶಾಫ್ಟ್ 5ಕ್ಕೆ. 4ರದು 6ಕ್ಕೆ. 5ರದು 7ಕ್ಕೆ. 6ರದು 8ಕ್ಕೆ. 7ರದು 9ಕ್ಕೆ. 8ರದು ವೆಜ್‌ಗೆ. ಕಾಕಾ 3, 4 ಆಡುವುದಿಲ್ಲ, ಆ ಎರಡು ತಲೆ ಬದಿಗಿಟ್ಟರೆ ಆರು ಕ್ಲಬ್ ಪೂರ್ತಿ ಸಿಗುತ್ತವೆ. ಮೊದಲ ಸಾಲು ಮತ್ತೆ ಓದಿದೆ. 3ರ ಶಾಫ್ಟ್. ಅದು ಎರಡು ತುಂಡಾಗಿ ನನ್ನ ಚೀಲದಲ್ಲೇ ಇತ್ತು. ಬೇಡವಾದದ್ದು ಅಂತ ಹಾಳು ಮಾಡಿದ್ದೇ ಇಡೀ ಸೆಟ್ಟಿನಲ್ಲಿ ಎಲ್ಲಕ್ಕಿಂತ ಬೇಕಾದದ್ದು. ಉಳಿದಿರುವ 9 ಮತ್ತು ವೆಜ್ ಶಾಫ್ಟ್‌ಗಳು 5ಕ್ಕೆ ಗಿಡ್ಡ.

ಒಂದೇ ಸ್ಥಾನ ಸರಿಸಿದರೆ 4ರ ಶಾಫ್ಟ್ 5ಕ್ಕೆ ಹೋಗಿ 5 ಉಳಿಯುತ್ತಿತ್ತು. ಆದರೆ ಮೂರೂವರೆ ಮಾತ್ರ ಇಳಿಯುತ್ತಿತ್ತು. ಕಾಕಾರನ್ನೇ ಕೇಳಿದೆ, ಈ ಸಲ ಮೊದಲೇ. "ಐದು ಇರಲಿ ಬಿಡು. ಆಡುದು ಏಳು ಒಂಬತ್ತು. ಅವು ಚಲೋ ಆಗಲಿ" ಅಂದರು.

ಮಾರ್ಚ್ 8 ಮತ್ತು 9: ತಲೆ ಬಿಡಿಸಿದ್ದು, ಕೊಯ್ದದ್ದು

ಈ ಸಲ ಟಾರ್ಚ್ ಮುಟ್ಟಲಿಲ್ಲ. ಪಕ್ಕದ ಶೆಡ್ಡಿನವರಿಂದ ಹೀಟ್ ಗನ್ ಇಸಕೊಂಡೆ. ಕುತ್ತಿಗೆಗೆ ಮಾತ್ರ ಬಿಸಿ, ಸುತ್ತ ತಿರುಗಿಸುತ್ತಾ ಎರಡರಿಂದ ಮೂರು ನಿಮಿಷ. ಚರ್ಮದ ಕೈಗವಸು ಹಾಕಿ ತಲೆ ತಿರುಗಿಸಿದರೆ ಬಂತು. ಉಕ್ಕಿನ ಶಾಫ್ಟ್ ಆದ್ದರಿಂದ ತಿರುಗಿಸಬಹುದು. ಗ್ರಾಫೈಟ್ ಆಗಿದ್ದರೆ ತಿರುಗಿಸಿದರೆ ನಾರು ಬಿಚ್ಚಿಕೊಳ್ಳುತ್ತದೆ, ನೇರ ಎಳೆಯುವ ಸಾಧನ ಬೇಕು.

ಶಾಫ್ಟಿನ ಮೇಲೆ ಮಾರ್ಕರ್ ಪೆನ್ನಿನಲ್ಲಿ ನಂಬರ್ ಬರೆದಿದ್ದೆ. ಹಳೆ ಅಂಟು ಒರೆಸಲು ಅಸಿಟೋನ್ ಹಾಕಿದಾಗ ನಂಬರೂ ಹೋಯಿತು. ಐದು ಶಾಫ್ಟ್ ಮೇಜಿನ ಮೇಲೆ, ಯಾವುದು ಯಾವುದು ಅಂತ ಇಲ್ಲ. ಉದ್ದ ಅಳೆದು ಅರ್ಧರ್ಧ ಇಂಚಿನ ಲೆಕ್ಕದಲ್ಲಿ ಮತ್ತೆ ಹೊಂದಿಸಿದೆ. ಕೊಯ್ದ ಮೇಲೆ ಹೀಗೆ ಆಗಿದ್ದರೆ ಕಂಡುಹಿಡಿಯುವುದು ಕಷ್ಟವಿತ್ತು. ಆಮೇಲೆ ನಂಬರ್ ಬರೆದ ಚೀಟಿ ಸುತ್ತಿ ದಾರದಲ್ಲಿ ಕಟ್ಟಿದೆ.

ಕೊಯ್ಯಲು ರವಿವಾರ ಪೇಟೆಯಿಂದ ಪ್ಲಂಬರ್‌ಗಳ ಪೈಪ್ ಕಟರ್ ತಂದೆ. ಹಿಡಿಯ ಕಡೆಯಿಂದ ಪ್ರತಿಯೊಂದಕ್ಕೂ 25.4 ಮಿ.ಮೀ. ಕೊಯ್ದ ತುಂಡು ಸುಮಾರು 4 ಗ್ರಾಂ ತೂಗಿತು. 7ನೇ ಐರನ್ ಮೊದಲಿನ ಹಾಗೇ 37 ಇಂಚಿಗೆ ನಿಂತಿತು.

ಮಾರ್ಚ್ 11: ಫೆರೂಲ್

ಕರಗಿದ ಉಂಗುರಗಳ ಬದಲು ಹೊಸವು ನಾನು ಕೇಳಿದ ಯಾವ ಅಂಗಡಿಯಲ್ಲೂ ಇರಲಿಲ್ಲ. ಕಪ್ಪು ಡೆಲ್ರಿನ್ ಅನ್ನುವ ಗಟ್ಟಿ ಪ್ಲಾಸ್ಟಿಕ್ಕಿನ ರಾಡ್ ತಂದು ಲೇಥಿನಲ್ಲಿ ಮಾಡಿಕೊಂಡೆ. ಉದ್ದ 20 ಮಿ.ಮೀ., ಕೆಳಗಿನ ಹೊರ ಅಳತೆ ಕುತ್ತಿಗೆಗೆ ಸರಿಯಾಗಿ 13.6, ಮೇಲೆ ಸಣ್ಣದಾಗುತ್ತಾ ಹೋಗುವ ಹಾಗೆ. ಈ ಒಂದು ಕೆಲಸದಲ್ಲಿ ಮಾತ್ರ ಲೇಥ್ ನಿಜವಾಗಿ ಉಪಯೋಗಕ್ಕೆ ಬಂತು. ನೋಡಲು ಚೆನ್ನಾಗಿ ಬಂದವು. ಆದರೆ ಡೆಲ್ರಿನ್‌ಗೆ ಅಂಟು ಸರಿಯಾಗಿ ಹಿಡಿಯುವುದಿಲ್ಲ. ಮೊದಲ ಎರಡು, ಒಣಗಿದ ಮೇಲೂ ಬೆರಳಲ್ಲಿ ತಳ್ಳಿದರೆ ಮೇಲೆ ಜಾರಿದವು. ಒಳಗೆ ಮೂರು ಸಣ್ಣ ಗೀರು ಹಾಕಿ, ತೂತು 0.1 ಮಿ.ಮೀ. ಬಿಗಿ ಇಟ್ಟು ಮತ್ತೆ ಮಾಡಿದೆ. ಈಗ ನಿಂತಿವೆ.

ಮಾರ್ಚ್ 12ರಿಂದ 17: ಅಂಟು

ಶಾಫ್ಟಿನ ತುದಿಯ 30 ಮಿ.ಮೀ. ಎಮರಿಯಿಂದ ಒರಟು ಮಾಡಿದೆ. ಕುತ್ತಿಗೆಯ ಒಳಗಿನ ಹಳೆ ಅಂಟನ್ನು ತಂತಿ ಬ್ರಷ್‌ನಿಂದ ಕೆರೆದೆ. ಮೊದಲು ಮಾಡಿದ್ದು 9. ಅವಸರಕ್ಕೆ ಐದು ನಿಮಿಷದಲ್ಲಿ ಗಟ್ಟಿಯಾಗುವ ಅಂಟು ಹಾಕಿದೆ. ಅವತ್ತೇ ಕೈಯಲ್ಲಿ ಎಷ್ಟು ತಿರುಗಿಸಿದರೂ ಅಲ್ಲಾಡಲಿಲ್ಲ. ಮರುದಿನ ಮಧ್ಯಾಹ್ನ ವರ್ಕ್‌ಶಾಪಿನ ತಗಡಿನ ಗೋಡೆಗೆ ಒರಗಿಸಿ ಇಟ್ಟಿದ್ದೆ. ಸಂಜೆ ತಲೆ ಹಿಡಿದು ತಿರುಗಿಸಿದರೆ ತಿರುಗಿತು. ಬಿಸಿಲಿಗೆ ಅಂಟು ಮೆತ್ತಗಾಗಿತ್ತು. ಕಬ್ಬಿಣದ ತಲೆ ಬೀಸುವಾಗ ಕಳಚಿದರೆ ಎದುರಿಗಿರುವವರ ಗತಿ ಏನು? ಆ ಅಂಟಿನ ಡಬ್ಬಿಯನ್ನು ಅಲ್ಲಿಗೇ ಬದಿಗಿಟ್ಟೆ.

ಎಲ್ಲಕ್ಕೂ ನಿಧಾನವಾಗಿ ಗಟ್ಟಿಯಾಗುವ ಅರಾಲ್ಡೈಟ್ ಹಾಕಿದೆ. ಎರಡೂ ಟ್ಯೂಬಿನಿಂದ ಸಮ ಅಳತೆ, ಎರಡು ನಿಮಿಷ ಕಲಸಿ, ಕುತ್ತಿಗೆಯ ಒಳಗೂ ಶಾಫ್ಟಿಗೂ ಹಚ್ಚಿ, ತಿರುಗಿಸುತ್ತಾ ಕೂರಿಸಿ, ತಲೆ ಕೆಳಗೆ ಮಾಡಿ ನಿಲ್ಲಿಸಿದೆ. 24 ಗಂಟೆ ಸಾಕು ಅನ್ನುತ್ತಾರೆ, ನಾನು ಎರಡು ದಿನ ಪೂರ್ತಿ ಮುಟ್ಟಲಿಲ್ಲ.

ಮಾರ್ಚ್ 19: ಗ್ರಿಪ್ ಹಾಕುವ ಮೊದಲು ಅಳತೆ

ಮೊದಲು ಮತ್ತು ಈಗ: 6ಕ್ಕೆ 314 ಇದ್ದದ್ದು 307. 7ಕ್ಕೆ 318 ಇದ್ದದ್ದು 311. 8ಕ್ಕೆ 326 ಇದ್ದದ್ದು 315. 9ಕ್ಕೆ 327 ಇದ್ದದ್ದು 320. ವೆಜ್‌ಗೆ 331 ಇದ್ದದ್ದು 328.

8 ಹನ್ನೊಂದು ಇಳಿದು ಸಾಲಿಗೆ ಬಂತು. ಅದರ ಹಳೆಯ ಬಿಗಿ ಶಾಫ್ಟ್ ಈಗ ವೆಜ್‌ನಲ್ಲಿದೆ, ಅದಕ್ಕೇ ವೆಜ್ ಮೂರೇ ಇಳಿಯಿತು. ವೆಜ್ಜನ್ನು ಕಾಕಾ ಪೂರ್ತಿ ಬೀಸುವುದು ಕಡಿಮೆ, ಹತ್ತಿರದ ಹೊಡೆತಕ್ಕೇ ಜಾಸ್ತಿ. ಬಿಟ್ಟೆ. ಎಲ್ಲವನ್ನೂ ಕಾಲು ಸುತ್ತು ತಿರುಗಿಸಿ ಮತ್ತೆ ಅಳೆದೆ. ಐದರಲ್ಲೂ ಎರಡು ದಿಕ್ಕಿನ ವ್ಯತ್ಯಾಸ ಒಂದಕ್ಕಿಂತ ಹೆಚ್ಚಿರಲಿಲ್ಲ. 3ನೆಯದರ ಎಂಟರ ವ್ಯತ್ಯಾಸ ನೋಡಿದ ಮೇಲೆ ಈ ಸಂಖ್ಯೆ ನೋಡಿ ಮನಸ್ಸಿಗೆ ಸಮಾಧಾನ ಆಯಿತು.

ಗ್ರಿಪ್ ಬಗ್ಗೆ ಹೆಚ್ಚೇನಿಲ್ಲ. ಎರಡು ಕಡೆ ಅಂಟಿರುವ ಟೇಪ್ ಸುತ್ತಿ, ಗ್ರಿಪ್ಪಿನ ಒಳಗೆ ಟರ್ಪೆಂಟೈನ್ ಸುರಿದು ಅಲ್ಲಾಡಿಸಿ, ಅದನ್ನೇ ಟೇಪಿನ ಮೇಲೆ ಚೆಲ್ಲಿ, ಒಂದೇ ಏಟಿಗೆ ತಳ್ಳಬೇಕು. ನಡುವೆ ನಿಲ್ಲಿಸಿದರೆ ಅಲ್ಲೇ ಹಿಡಿದುಕೊಳ್ಳುತ್ತದೆ. ಪೆಟ್ರೋಲಿನಲ್ಲೂ ಆಗುತ್ತದೆ, ಆದರೆ ಹೀಟ್ ಗನ್ ಇರುವ ಮೇಜಿನ ಹತ್ತಿರ ಪೆಟ್ರೋಲ್ ತರಬೇಡಿ.

ಖರ್ಚು: ಗ್ರಿಪ್ ಐದಕ್ಕೆ 1,800. ಪೈಪ್ ಕಟರ್ 450. ಅರಾಲ್ಡೈಟ್ 210. ವ್ಯರ್ಥವಾದ ಐದು ನಿಮಿಷದ ಅಂಟು 70. ಡೆಲ್ರಿನ್ 120. ಟರ್ಪೆಂಟೈನ್ 90. ಟೇಪ್ 80. ಎಮರಿ 60. ಒಟ್ಟು 2,880 ರೂಪಾಯಿ. ಒಂದು ಹೊಸ ಶಾಫ್ಟಿಗೆ ಹೇಳಿದ ಬೆಲೆಗಿಂತ ಕಡಿಮೆ. ಮುರಿದ 3ರ ಶಾಫ್ಟ್ ಇದರಲ್ಲಿ ಸೇರಿಲ್ಲ.

ಮಾರ್ಚ್ 23: ಗದ್ದೆಯಲ್ಲಿ

ಬೆಳಗ್ಗೆ ಏಳಕ್ಕೆ ಕಾಕಾರನ್ನು ಬೈಕಿನಲ್ಲಿ ಕೂರಿಸಿಕೊಂಡು ಅದೇ ಗದ್ದೆಗೆ ಹೋದೆ. ಮೊದಲು ನಾನೇ ಒಂದೊಂದರಿಂದಲೂ ಇಪ್ಪತ್ತು ಚೆಂಡು ಹೊಡೆದೆ, ಪ್ರತಿ ಸಲ ತಲೆ ತಿರುಗಿಸಿ ನೋಡಿದೆ. ಯಾವುದೂ ಸಡಿಲ ಆಗಲಿಲ್ಲ. ಆಮೇಲೆ ಅವರ ಕೈಗೆ 7 ಕೊಟ್ಟೆ.

ಮೊದಲ ಎರಡು ಹೊಡೆತ ನೆಲಕ್ಕೆ ತಾಗಿದವು. ತಲೆ ಕೆಳಗೆ ಬರುವುದು ಈಗ ಸ್ವಲ್ಪ ತಡ ಆಗುತ್ತದೆ ಅಂದರು. ಮೂರನೆಯದು ನೇರ ಹೋಯಿತು. ಹತ್ತು ಹೊಡೆದ ಮೇಲೆ ಮೊಣಕೈ ಹೇಗಿದೆ ಅಂತ ಕೇಳಿದೆ. ಉತ್ತರ ಕೊಡಲಿಲ್ಲ, ಇನ್ನೊಂದು ಚೆಂಡು ಇಡು ಅಂತ ಕೈ ಮಾಡಿದರು. 8 ತೆಗೆದುಕೊಂಡು ನಾಲ್ಕು ಹೊಡೆದರು. ಐದನೆಯದು ಗದ್ದೆಯ ಬದು ದಾಟಿದಾಗ ಕೋಲನ್ನು ಮುಖದ ಹತ್ತಿರ ತಂದು ನೋಡಿ, "ಈಗ ಮಾತು ಕೇಳಾಕ ಹತ್ತೇದ" ಅಂದರು.

ವೆಜ್ ಇನ್ನೂ ಕಡಕ್ ಅನ್ನುತ್ತಿದ್ದಾರೆ. ನನ್ನ ಹತ್ತಿರ ಉಳಿದ 9ರ ಶಾಫ್ಟ್ ಅದಕ್ಕೆ ಒಂದು ಸ್ಥಾನ ಸರಿಸಿ ಹಾಕಿದರೆ 327, 328 ಹತ್ತಿರವೇ ಬರುತ್ತದೆ, ಲಾಭವಿಲ್ಲ. ಹಾಗೇ ಇರಲಿ.

ಬಾಕಿ ಇರುವುದು 5. ಬೇಕಾದದ್ದು 3ನೇ ಐರನ್‌ನ ಉಕ್ಕಿನ ಶಾಫ್ಟ್, ತುದಿ 0.355, ಕ್ಲಬ್ಬಿನ ಉದ್ದ 39 ಇಂಚು ಇದ್ದಿರಬೇಕು. 3ನೇ ಐರನ್ ಈಗ ಹೆಚ್ಚು ಜನ ಆಡುವುದಿಲ್ಲ, ಯಾರದೋ ಅಟ್ಟದ ಮೇಲೆ ಒಂದು ಇದ್ದೇ ಇರುತ್ತದೆ. ಸಿಕ್ಕ ದಿನ ಹೀಟ್ ಗನ್ ಮತ್ತೆ ಇಸಕೊಂಡು ಬರುತ್ತೇನೆ. 5ಕ್ಕೆ ಆರನೇ ಫೆರೂಲ್ ಮಾಡಿ ಅದರ ತಲೆಯ ಜೊತೆಗೇ ಇಟ್ಟಿದ್ದೇನೆ.